ಇಂಗುಗುಂಡಿ ಮಾಡಿಸಿದ ಮೇಲೂ ಬೇಸಿಗೆಯಲ್ಲಿ ಕೊಳವೆಬಾವಿ ಬತ್ತುತ್ತಿರುವುದೇಕೆ?

ಪ್ರಶ್ನೆ:
ಎಲ್ಲರಿಗೂ ನಮಸ್ಕಾರ. ಎರಡು ವರ್ಷಗಳ ಹಿಂದೆ ಕೊಳವೆಬಾವಿಯ ಪಕ್ಕದಲ್ಲಿ ಇಂಗುಗುಂಡಿ ತೆಗೆಸಿ, ಚಾವಣಿಯ ಮಳೆನೀರನ್ನು ಅದಕ್ಕೆ ತಿರುಗಿಸಿದ್ದೇನೆ. ಮಳೆಗಾಲದ ಕೊನೆಗೆ ನೀರಿನ ಮಟ್ಟ 6 ಮೀಟರಿನಷ್ಟು ಮೇಲೇರುತ್ತದೆ. ಆದರೆ ಬೇಸಿಗೆ ಅರ್ಧ ಕಳೆಯುವಷ್ಟರಲ್ಲಿ ಪಂಪು ಗಾಳಿ ಎಳೆಯತೊಡಗುತ್ತದೆ. ಏರಿದ ನೀರೆಲ್ಲ ಎಲ್ಲಿ ಹೋಗುತ್ತದೆ? ಇನ್ನೂ ಆಳಕ್ಕೆ ಕೊರೆಸಬೇಕೇ? ನೆಲ ಗಟ್ಟಿ ಕಲ್ಲಿನದು.

ಉತ್ತರ 1:
ಮಟ್ಟದ ಏರಿಕೆಯನ್ನೇ ನೀರಿನ ಪ್ರಮಾಣವೆಂದು ಎಣಿಸುವುದರಿಂದ ಈ ಗೊಂದಲ ಹುಟ್ಟುತ್ತದೆ. ಗಟ್ಟಿ ಶಿಲೆಯ ನೆಲದಲ್ಲಿ ನೀರು ಶಿಥಿಲಗೊಂಡ ಕಲ್ಲಿನ ಸಂದುಗಳಲ್ಲಿಯೂ ಬಿರುಕುಗಳಲ್ಲಿಯೂ ಇರುತ್ತದೆ. ಅದರಿಂದ ಹೊರತೆಗೆಯಬಹುದಾದ ನೀರು ಸಾಮಾನ್ಯವಾಗಿ ಆ ಪದರದ ಗಾತ್ರದ ಶೇ. 1ರಿಂದ 3ರಷ್ಟು ಮಾತ್ರ. ಶೇ. 2 ಎಂದು ಹಿಡಿದರೆ ನಿಮ್ಮ 6 ಮೀಟರ್ ಏರಿಕೆಯಲ್ಲಿ ಇರುವುದು 120 ಮಿಲಿಮೀಟರ್ ನೀರು, ಅಂದರೆ 100 ಚದರ ಮೀಟರ್ ನೆಲದಡಿಯಲ್ಲಿ 12,000 ಲೀಟರ್. ಶೇ. 20ರಷ್ಟು ನೀರು ಬಿಟ್ಟುಕೊಡುವ ಮರಳಿನ ಪದರದಲ್ಲಿ ಇಷ್ಟೇ ನೀರು ಮಟ್ಟವನ್ನು 60 ಸೆಂಟಿಮೀಟರ್ ಮಾತ್ರ ಏರಿಸುತ್ತಿತ್ತು. ಇದರ ಮೇಲೆ, ಗುಂಡಿಯ ಸುತ್ತ ದಿಬ್ಬದಂತೆ ಏರಿದ ನೀರು ಅಲ್ಲಿಯೇ ನಿಲ್ಲದೆ ಅಕ್ಕಪಕ್ಕದ ಬಾವಿಗಳ ಕಡೆಗೂ ಹರಿಯುತ್ತದೆ.

ಆಳಕ್ಕೆ ಕೊರೆಸುವುದನ್ನು ನಾನು ಒಪ್ಪುವುದಿಲ್ಲ. ಆಳ ಹೆಚ್ಚಿದಂತೆ ಬಿರುಕುಗಳು ಸಾಮಾನ್ಯವಾಗಿ ವಿರಳವಾಗುತ್ತವೆ. ಬಹುಕಾಲ ಕಲ್ಲಿನೊಡನಿದ್ದ ನೀರಿನಲ್ಲಿ ಫ್ಲೋರೈಡ್ ಲೀಟರಿಗೆ 1.5 ಮಿಲಿಗ್ರಾಂ ಎಂಬ ವಿಶ್ವ ಆರೋಗ್ಯ ಸಂಸ್ಥೆಯ ಮಿತಿಯನ್ನು ಮೀರುವ ಸಂಭವವೂ ಇರುತ್ತದೆ.

ಉತ್ತರ 2:
ಮೊದಲು ಸರಿಯಾಗಿ ಅಳೆಯಿರಿ. ರಾತ್ರಿಯಿಡೀ ಪಂಪು ನಿಲ್ಲಿಸಿ, ಟೇಪಿನ ತುದಿಯ ಒಂದು ಮೀಟರಿಗೆ ಸೀಮೆಸುಣ್ಣ ಬಳಿದು, ಬೆಳಗ್ಗೆ ಕೇಸಿಂಗ್ ಪೈಪಿನ ಅಂಚಿನಿಂದ ಇಳಿಬಿಡಿ. ಸುಣ್ಣ ಒದ್ದೆಯಾಗಿ ಬಣ್ಣ ಬದಲಾದ ಗೆರೆಯೇ ನೀರಿನ ಮಟ್ಟ. ಮಳೆಗಾಲದ ನಂತರದ ಮಟ್ಟವನ್ನು ನೋಡುವುದಕ್ಕಿಂತ, ಪ್ರತಿ ವರ್ಷ ಮಳೆಗೆ ಮುಂಚಿನ ಮಟ್ಟ ಇಳಿಯುತ್ತಾ ಹೋಗುತ್ತಿದೆಯೇ ಎಂಬುದನ್ನು ನೋಡಬೇಕು. ಹೂಳು ಕಟ್ಟಿ ನೀರು ಇಂಗುವುದಕ್ಕೆ ಅಡ್ಡಿಯಾಗಿದೆಯೇ ಎಂದು ಗುಂಡಿಯ ಮೇಲಿನ ಮರಳನ್ನೂ ಒಮ್ಮೆ ಕೆದಕಿ ನೋಡಿ.

ಉತ್ತರ 3:
ಇಂಗಿದಷ್ಟನ್ನೇ ಎತ್ತಿದರೆ ಬಾವಿ ಬತ್ತುವುದಿಲ್ಲ ಎಂದು ಹಲವರು ಎಣಿಸುತ್ತಾರೆ; ಆ ಲೆಕ್ಕವೂ ಪೂರ್ಣವಲ್ಲ. ಬಾವಿಯಿಂದ ಎತ್ತುವ ನೀರು ಮೊದಲು ನೆಲದ ಸಂಗ್ರಹದಿಂದ, ಕ್ರಮೇಣ ಹಳ್ಳ, ಒರತೆಗಳಿಗೆ ಹೋಗಬೇಕಿದ್ದ ಹರಿವಿನಿಂದ ಬರುತ್ತದೆ ಎಂದು ಅಮೆರಿಕದ ಅಂತರ್ಜಲ ವಿಜ್ಞಾನಿ ಸಿ. ವಿ. ಥೈಸ್ 1940ರಲ್ಲಿಯೇ ವಿವರಿಸಿದ್ದರು. ಆದ್ದರಿಂದ ನೆರೆಯ ಬಾವಿಗಳವರೊಡನೆ ಕುಳಿತು, ಒಂದೇ ಜಲಪದರದಿಂದ ಯಾರು ಎಷ್ಟು ಗಂಟೆ ಪಂಪು ನಡೆಸಬೇಕೆಂದು ಮಳೆಗಾಲ ಮುಗಿದ ಕೂಡಲೇ ನಿರ್ಧರಿಸಿಕೊಳ್ಳಿ.

ಪ್ರಶ್ನೆ ಕೇಳಿದವರು:
ಎಲ್ಲರಿಗೂ ಧನ್ಯವಾದಗಳು. ಇಂದು ಮರಳು ಕೆದಕಿದೆ. ಮೇಲೆ ಎರಡು ಬೆರಳು ದಪ್ಪದ ಹೂಳು ಹೆಪ್ಪುಗಟ್ಟಿತ್ತು, ಕೆಳಗಿನ ಜಲ್ಲಿ ಒಣಗಿತ್ತು. ಹೂಳು ತೆಗೆಸುತ್ತಿದ್ದೇನೆ. ನೆರೆಯ ಮೂವರು ಬಾವಿಯವರು ಭಾನುವಾರ ಮಾತಿಗೆ ಬರಲು ಒಪ್ಪಿದ್ದಾರೆ.