ನೆಲದ ಮ್ಯಾಲೆ ಏರ್‌ಸ್ಪೀಡ್ ಸರಿ, ಮ್ಯಾಲೆ ಏರಿದ ಕೂಡ್ಲೆ ಸೊನ್ನೆ

ಪ್ರಶ್ನೆ, ಗದಗ:
ಫೋಮ್ ವಿಮಾನ, ರೆಕ್ಕೆ 1.8 ಮೀಟರ್. ಪಿಟೋ (ಎದುರಿನ ಗಾಳಿಯ ಒತ್ತಡ ಹಿಡಿಯೋ ಕೊಳವೆ) ಮುಂದ ಊದಿದ್ರ ಏರ್‌ಸ್ಪೀಡ್, ಅಂದ್ರ ಗಾಳಿಗೆ ಹೋಲಿಸಿದ ವೇಗದ ರೀಡಿಂಗ್ ಛಲೋ ಬರ್ತೈತಿ. ಹಾರಿಸಿದ್ರ, ಏರಿದಂಗ ಇಳೀತಾ ಹೋಗಿ 20 ಮೀಟರ್ ಸುಮಾರಿಗೆ ಸೊನ್ನೆ. ಗಾಳಿ ಇಲ್ಲದಾಗ ಜಿಪಿಎಸ್ ವೇಗ ಸೆಕೆಂಡಿಗೆ 20 ಮೀಟರ್ ಇರ್ತೈತಿ. ಆಟೊಪೈಲಟ್ ಮೂಗು ಕೆಳಗ ಮಾಡಿ ಥ್ರಾಟಲ್ ಪೂರ್ತಿ ಕೊಡ್ತೈತಿ. ಸೆನ್ಸರ್ ಬದಲಿಸ್ಲೇನ್ರಿ?

ಉತ್ತರ, ಧಾರವಾಡ:
ಬ್ಯಾಡ್ರಿ ಸರ, ಸ್ಟ್ಯಾಟಿಕ್ ದಾರಿ (ಸುತ್ತಲಿನ ಗಾಳಿಯ ಬರೀ ಒತ್ತಡ ಸೆನ್ಸರ್‌ಗೆ ತರೋ ತೂತು, ಪೈಪು) ಮುಚ್ಚೈತಿ. ಪಿಟೋ, ಸ್ಟ್ಯಾಟಿಕ್ ಒತ್ತಡಗಳ ವ್ಯತ್ಯಾಸದಿಂದಾನ ಸೆನ್ಸರ್ ವೇಗ ತೋರಿಸ್ತೈತಿ. ಲೆಕ್ಕಾನ ಹೇಳ್ತೈತಿ: ಆ ವೇಗಕ್ಕ ಪಿಟೋ ಒತ್ತಡ ಸ್ಟ್ಯಾಟಿಕ್‌ಗಿಂತ ಸುಮಾರು 214 ಪಾಸ್ಕಲ್ ಹೆಚ್ಚಿರ್ತೈತಿ. ನಮ್ಮ ಕಡೆ ಒಂದ್ ಮೀಟರ್ ಏರಿದ್ರ ಹೊರಗಿನ ಒತ್ತಡ 10.5 ಪಾಸ್ಕಲ್ ಇಳೀತೈತಿ. ಸ್ಟ್ಯಾಟಿಕ್ ಪೈಪಿನ್ಯಾಗ ನೆಲದ ಒತ್ತಡಾನ ಸಿಕ್ಕೊಂಡಿದ್ರ 20 ಮೀಟರ್‌ಗೆ ವ್ಯತ್ಯಾಸ ಎಲ್ಲಾ ತಿಂದುಹಾಕ್ತೈತಿ. ಊದೋ ಪರೀಕ್ಷೆ ಇದನ್ನ ಎಂದೂ ಹಿಡಿಯಂಗಿಲ್ಲ, ನೆಲದ ಮ್ಯಾಲೆ ಎತ್ತರ ಬದಲಾಗಂಗಿಲ್ಲಲ್ಲ. ಪಿಟೋ ಮುಚ್ಚಿದ್ದರ ಇದರ ಉಲ್ಟಾ, ಏರಿದಂಗ ವೇಗ ಹೆಚ್ಚು ತೋರಿಸ್ತಿತ್ತು.

ರೆಕ್ಕೆ ಕೂಡಿಸಿ ಸ್ಕ್ರೂ ಬಿಗಿ ಮಾಡ್ರಿ. ಸೆನ್ಸರ್‌ನಿಂದ ಎರಡೂ ಪೈಪ್ ಬಿಚ್ರಿ (ಬಿಚ್ಚದೆ ಒತ್ತಿದ್ರ ಸೆನ್ಸರ್ ಪರದೆ ಹೋಗ್ತೈತಿ). ಸ್ಟ್ಯಾಟಿಕ್ ಪೈಪಿಗೆ 10 ಎಂಎಲ್ ಸಿರಿಂಜ್ ಹಾಕಿ 2–3 ಎಂಎಲ್ ಮೆಲ್ಲಕ ಒತ್ರಿ. ಹಗುರಾಗಿ ಹೋದ್ರ ದಾರಿ ಬಿಟ್ಟೈತಿ. ಬೆರಳು ಬಿಟ್ಟಕೂಡ್ಲೆ ಪ್ಲಂಜರ್ ಹಿಂದ ಪುಟಿದ್ರ ಮುಚ್ಚೈತಿ. ಆಗ ರೆಕ್ಕೆ ಬಿಚ್ಚಿ ಮತ್ತ ನೋಡ್ರಿ.

ಪ್ರಶ್ನೆ, ಗದಗ:
ರೆಕ್ಕೆ ಇದ್ದಾಗ ಪುಟೀತೈತಿ. ಬಿಚ್ಚಿದ್ರ ಹಗುರ.

ಉತ್ತರ, ಧಾರವಾಡ:
ಹಂಗಾದ್ರ ರೆಕ್ಕೆ ಕೆಳಗ ಸಿಲಿಕಾನ್ ಪೈಪ್ ಹಿಂಡ್ಕೊಂಡೈತಿ. ಫೋಮ್‌ನ್ಯಾಗ ಕಾಲುವೆ ಕೊರದು, ದಪ್ಪ ಗೋಡೆಯ ಪೈಪ್ ಹಾಕ್ರಿ. ಕೈ ಹಾಕಿದಾಗ್ಲೇ ಪಿಟೋ ಬದಿಯ ಸಣ್ಣ ಸ್ಟ್ಯಾಟಿಕ್ ತೂತುಗಳನ್ನೂ ನೋಡ್ರಿ. ಎರಿ ಮಣ್ಣಿನ ಧೂಳು ಅಲ್ಲಿ ಗಟ್ಟಿಯಾಗಿ ಕೂಡ್ತೈತಿ. ತೂತಿಗಿಂತ ಸಣ್ಣ ತಂತಿಯಿಂದ ಬಿಡಿಸಿ, ಗಾಳಿ ಒಳಗಿಂದ ಹೊರಗ ಹಾಯಿಸ್ರಿ. ಎಣ್ಣಿ, ನೀರು ಬ್ಯಾಡ.

ಸೋರಿಕೆ ನೋಡಾಕ ತೂತಿಗೆ ಟೇಪ್ ಹಚ್ಚಿದ್ರ ಕೆಂಪು ಟೇಪ್ ಹಚ್ರಿ, ತುದಿ ಉದ್ದ ಬಿಡ್ರಿ. 1996ರಾಗ ಲಿಮಾದಿಂದ ಎದ್ದ ಏರೊಪೆರು 603 ಪ್ರಯಾಣಿಕ ವಿಮಾನದ ಸ್ಟ್ಯಾಟಿಕ್ ತೂತುಗಳ ಮ್ಯಾಲೆ, ತೊಳೆಯುವಾಗ ಹಚ್ಚಿದ ಟೇಪ್ ಹಂಗ ಉಳಿದಿತ್ತು. 70 ಜನ ಸತ್ರು.

ಉತ್ತರ, ಹುಬ್ಬಳ್ಳಿ:
ಒಂದು ಮಾತು ಸೇರಿಸ್ತೀನಿ. ರಿಪೇರಿ ಆದಮ್ಯಾಲೂ ಗಾಳಿ ಇಲ್ಲದ ದಿನ ಜಿಪಿಎಸ್ 16, ಏರ್‌ಸ್ಪೀಡ್ 15 ಅಂದ್ರ ಹೆದರಬ್ಯಾಡ್ರಿ. 32 ಡಿಗ್ರಿ ಬಿಸಲಾಗ ಇಲ್ಲಿ ಗಾಳಿ ಸಮುದ್ರ ಮಟ್ಟದ ಪ್ರಮಾಣಕ್ಕಿಂತ 13% ತೆಳುವು, ಅದಕ್ಕ ಸೆನ್ಸರ್ ತೋರಿಸೋ ವೇಗ ನಿಜದ ವೇಗಕ್ಕಿಂತ ಕಡಿಮಿ ಇರ್ತೈತಿ. ಸ್ಟಾಲ್ (ರೆಕ್ಕೆ ಎತ್ತೋ ಬಲ ಕಳ್ಕೊಳ್ಳೋದು) ಆಗೋದು ಸೆನ್ಸರ್ ತೋರಿಸುವ ವೇಗದ ಲೆಕ್ಕದಾಗ, ಅದಕ್ಕ ಕನಿಷ್ಠ ವೇಗದ ಸೆಟ್ಟಿಂಗ್ ಮುಟ್ಟಬ್ಯಾಡ್ರಿ.