ಒಸಾಕಾದಿಂದ ಒಂದು ದಿನದ ಪ್ರವಾಸ: ಅಪ್ಪ ಅಮ್ಮನನ್ನು ಯಾವ ಕಡೆ ಕರೆದುಕೊಂಡು ಹೋಗಲಿ?

ಬೆಣ್ಣೆನಗರಿ ಹುಡುಗಿ

ಎಲ್ಲರಿಗೂ ನಮಸ್ಕಾರ. ನಾನು ಕೆಲಸಕ್ಕೆಂದು ಒಸಾಕಾಕ್ಕೆ ಬಂದು ಎರಡು ವರ್ಷ ಆಯಿತು. ಮೇ ತಿಂಗಳ ಮಧ್ಯದಲ್ಲಿ ಅಪ್ಪ, ಅಮ್ಮ ದಾವಣಗೆರೆಯಿಂದ ಬರುತ್ತಿದ್ದಾರೆ. ಅಪ್ಪನಿಗೆ 74, ಅಮ್ಮನಿಗೆ 69. ಇಬ್ಬರಿಗೂ ಇದೇ ಮೊದಲ ವಿಮಾನ ಪ್ರಯಾಣ.

ಕ್ಯೋಟೋ, ನಾರಾ ನಾನೇ ತೋರಿಸುತ್ತೇನೆ. ಒಂದು ದಿನ ಮಾತ್ರ ಗೈಡ್ ಇರುವ ಪ್ರವಾಸ ಮಾಡೋಣ ಅಂತ ಆಸೆ. ನನ್ನ ಜಪಾನಿ ಭಾಷೆ ಅಂಗಡಿಗೆ ಸಾಕು, ಇತಿಹಾಸ ಹೇಳುವುದಕ್ಕೆ ಸಾಲದು. ಒಳ್ಳೆಯ ತೋಟ ಒಂದು, ಹಳೆಯ ಊರು ಒಂದು ನೋಡಬೇಕು. ಎರಡು ದಾರಿ ಸಿಕ್ಕಿವೆ.

ಒಂದು, ಬೆಳಿಗ್ಗೆ ಏಳಕ್ಕೆ ಹೊರಡುವ ದೊಡ್ಡ ಬಸ್ಸು. ಶಿರಕಾವಾ-ಗೋ ಹಳ್ಳಿ, ಕನಾಜಾವಾದ ಕೆನ್‌ರೊಕುಎನ್ ತೋಟ ನೋಡಿ ರಾತ್ರಿ ವಾಪಸ್. ಇನ್ನೊಂದು, ರೈಲಿನಲ್ಲಿ ಒಕಾಯಾಮಾಕ್ಕೆ ಹೋಗಿ ಅಲ್ಲಿ ಗೈಡ್ ಜೊತೆ ಕೋರಾಕುಎನ್ ತೋಟ, ಕುರಾಶಿಕಿ ಊರು. ಮೊದಲನೆಯದಕ್ಕೆ ಎಲ್ಲರೂ ಹೋಗಿ ಹೋಗಿ ಅನ್ನುತ್ತಾರೆ. ಎರಡನೆಯದನ್ನು ಹೇಳಿದ್ದು ಆಫೀಸಿನ ಗೆಳತಿ ಒಬ್ಬಳೇ.

ಅಪ್ಪ ಮೂವತ್ತು ವರ್ಷ ಕಾಟನ್ ಮಿಲ್ಲಿನಲ್ಲಿ, ಸ್ಪಿನ್ನಿಂಗ್ ವಿಭಾಗದಲ್ಲಿ ದುಡಿದವರು. ಹೆಚ್ಚು ಮಾತಾಡುವವರಲ್ಲ. ಅಮ್ಮನಿಗೆ ಮಂಡಿನೋವು, ಆದರೆ ಗಿಡ ಅಂದರೆ ಪ್ರಾಣ. ಇಬ್ಬರೂ ಮೊಟ್ಟೆ ಕೂಡ ಮುಟ್ಟುವುದಿಲ್ಲ. ಹೋಗಿ ಬಂದವರು ದಯವಿಟ್ಟು ಹೇಳಿ.

ಶಿಡ್ಲಘಟ್ಟ ಟು ನಗೋಯಾ

ಶಿರಕಾವಾ-ಗೋ ಬಿಡಬೇಡಿ, ಆದರೆ ಒಸಾಕಾದಿಂದ ಒಂದೇ ದಿನಕ್ಕೆ ಬೇಡ. ಬಸ್ಸಿನಲ್ಲಿ ಒಂದು ಕಡೆಗೇ ಸುಮಾರು ನಾಲ್ಕು ಗಂಟೆ. ಮಂಡಿನೋವು ಇರುವವರು ಅಷ್ಟು ಹೊತ್ತು ಕಾಲು ಮಡಚಿಕೊಂಡು ಕೂತರೆ ಇಳಿದ ಮೇಲೆ ನಡೆಯುವುದು ಕಷ್ಟ. ಕನಾಜಾವಾದಲ್ಲಿ ಒಂದು ರಾತ್ರಿ ಉಳಿದುಕೊಳ್ಳಿ. ಅಲ್ಲಿಂದ ಹಳ್ಳಿಗೆ ಬಸ್ಸಿನಲ್ಲಿ ಒಂದೂಕಾಲು ಗಂಟೆ ಅಷ್ಟೆ.

ನಮ್ಮದು ರೇಷ್ಮೆ ಬೆಳೆಯುವ ಮನೆ. ಶಿರಕಾವಾ-ಗೋದಲ್ಲಿ ಕೈ ಮುಗಿದಂತೆ ಕಡಿದಾದ ಹುಲ್ಲಿನ ಮಾಡಿನ ಮನೆಗಳಿವೆ. ಆ ಮಾಡಿನ ಕೆಳಗಿನ ಅಟ್ಟದಲ್ಲಿ ರೇಷ್ಮೆ ಹುಳು ಸಾಕುತ್ತಿದ್ದರು. ಕೆಳಗಿನ ಒಲೆಯ ಬೆಚ್ಚಗೆ ಮೇಲಕ್ಕೆ ಏರುತ್ತಿತ್ತು. ಗೈಡ್ ಇದನ್ನು ಹೇಳುತ್ತಿದ್ದರೆ ನನಗೆ ಹುಳು ಗೂಡು ಕಟ್ಟುವ ನಮ್ಮ ಬಿದಿರಿನ ತಟ್ಟೆಗಳು, ಚಂದ್ರಂಕಿಗಳೇ ಕಣ್ಣ ಮುಂದೆ ಬಂದವು. ನಮ್ಮ ಕಡೆಯ ಬಿಳಿ ಗೂಡಿನ ಬೈವೋಲ್ಟೀನ್ (ವರ್ಷಕ್ಕೆ ಎರಡು ಪೀಳಿಗೆಯ) ರೇಷ್ಮೆ ಹುಳು ತಳಿಗಳಿಗೂ ಜಪಾನಿಗೂ ನಂಟಿದೆ. 1991ರಿಂದ ಮೈಸೂರಿನ ರೇಷ್ಮೆ ಸಂಶೋಧನಾ ಕೇಂದ್ರಕ್ಕೆ ಜಪಾನಿನ ನೆರವು ಸಿಕ್ಕಿತ್ತು.

ಹುಲ್ಲಿನ ಮಾಡು ಬದಲಾಯಿಸುವ ದಿನ ಊರಿಗೆ ಊರೇ ಸೇರುತ್ತದೆ. ಅದಕ್ಕೆ ಯುಇ ಅನ್ನುತ್ತಾರೆ. ನಮ್ಮಲ್ಲಿ ಮುಯ್ಯಾಳು ಅನ್ನುತ್ತೇವಲ್ಲ, ಹಾಗೇ. 1995ರಲ್ಲಿ ಈ ಹಳ್ಳಿ ಯುನೆಸ್ಕೋದ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು. ಅವಸರದಲ್ಲಿ ನೋಡಿ ಓಡಿಬರುವ ಜಾಗ ಅಲ್ಲ ಅದು.

ತೀರ್ಥಹಳ್ಳಿ ಮಗಳು, ಕೋಬೆ

ತಂಗಿ, ಯೋಚನೆ ಮಾಡದೆ ಒಕಾಯಾಮಾಕ್ಕೆ ಹೋಗು. ಯಾಕೆ ಅಂತ ಸ್ವಲ್ಪ ಉದ್ದಕ್ಕೇ ಹೇಳುತ್ತೇನೆ.

ನಾನು ಕೋಬೆಯಲ್ಲಿ ಹದಿನಾಲ್ಕು ವರ್ಷದಿಂದ ಇದ್ದೇನೆ. ನಮ್ಮ ಅಪ್ಪಯ್ಯ ಗದ್ದೆ, ಅಡಿಕೆ ತೋಟದವರು. ಅವರು ಮೊದಲ ಸಲ ಬಂದಾಗ ದೊಡ್ಡ ಬಸ್ಸಿನ ಪ್ರವಾಸಕ್ಕೇ ಹಾಕಿದ್ದೆ. ಒಂದೇ ದಿನಕ್ಕೆ ನಾಲ್ಕು ಊರು. ತೋಟದ ಹತ್ತಿರ ಇಳಿಸಿ ನಲವತ್ತು ನಿಮಿಷ ಕೊಟ್ಟರು. ಶೌಚಾಲಯದ ಸಾಲು, ಟಿಕೆಟ್ಟಿನ ಸಾಲು, ಗುಂಪಿನ ಫೋಟೋ, ಅಷ್ಟಕ್ಕೇ ಹೊತ್ತು ಮುಗಿಯಿತು. ಅಮ್ಮ ಕೊಳದವರೆಗೂ ಮುಟ್ಟಲಿಲ್ಲ. ಬಾವುಟ ಹಿಡಿದ ಗೈಡ್ ಪಾಪ ಒಳ್ಳೆಯವರೇ, ಆದರೆ ನಲವತ್ತು ಜನರನ್ನು ಎಣಿಸುವುದರಲ್ಲೇ ಅವರ ಗಮನ. ವಾಪಸ್ ಬರುವಾಗ ಅಪ್ಪಯ್ಯ ಕಿಟಕಿಯ ಆಚೆ ಗದ್ದೆಗಳನ್ನು ನೋಡುತ್ತಾ, "ಅಲ್ಲೊಂದು ಸಲ ನಿಲ್ಲಿಸಿದ್ದರೆ ಆಗ್ತಿತ್ತು" ಅಂದರು. ಆ ಮಾತು ನನ್ನನ್ನು ಬಹಳ ದಿನ ಕಾಡಿತು.

ಎರಡನೆಯ ಸಲ ಬಂದಾಗ ಕೋರಾಕುಎನ್‌ಗೆ ಕರೆದುಕೊಂಡು ಹೋದೆ. ಗಂಟೆ ಲೆಕ್ಕದಲ್ಲಿ ನಮಗೆ ಮೂವರಿಗೇ ಒಬ್ಬರು ಗೈಡ್. ಅಮ್ಮನ ವಯಸ್ಸಿನ ಹೆಂಗಸು. ಬಂದವರೇ ಮೊದಲು ಕೇಳಿದ್ದು, "ನಿಮ್ಮ ಅಪ್ಪ ಏನು ಕೆಲಸ ಮಾಡುತ್ತಿದ್ದರು?" ಭತ್ತ ಬೆಳೆಯುತ್ತಾರೆ ಅಂದೆ. ಅವರು ತಾವು ಹಾಕಿಕೊಂಡಿದ್ದ ದಾರಿಯನ್ನೇ ಬದಲಿಸಿದರು. ದೊಡ್ಡ ಕೊಳ ಆಮೇಲೆ ಅಂತ ಹೇಳಿ ನೇರ ಗದ್ದೆಗೆ ಕರೆದುಕೊಂಡು ಹೋದರು.

ಹೌದು, ಆ ತೋಟದೊಳಗೆ ಗದ್ದೆ ಇದೆ! ಚಿಕ್ಕದು, ನಮ್ಮ ಸಸಿಮಡಿಯ ಹಾಗೆ. ಜೂನ್‌ನಲ್ಲಿ ಅಲ್ಲಿ ನಾಟಿಯ ಹಬ್ಬ ಮಾಡುತ್ತಾರೆ. ಪಕ್ಕದಲ್ಲಿ ಚಹಾ ಗಿಡಗಳಿವೆ. ಅದಕ್ಕೆ ಮೇ ತಿಂಗಳಲ್ಲಿ ಎಲೆ ಕೊಯ್ಯುವ ಹಬ್ಬ. ಒಕಾಯಾಮಾದ ಒಡೆಯ ಇಕೇದಾ ತ್ಸುನಾಮಾಸಾ 1687ರಲ್ಲಿ ಈ ತೋಟ ಶುರು ಮಾಡಿಸಿದ. 1700ರ ಹೊತ್ತಿಗೆ ಒಂದು ಹಂತಕ್ಕೆ ಬಂತು. ಬೇರೆ ಹೆಸರಾಂತ ತೋಟಗಳಲ್ಲಿ ಕಲ್ಲು, ಪಾಚಿ, ಪೈನ್ ಮರ ಜಾಸ್ತಿ. ಇಲ್ಲಿ ಅಗಲವಾದ ಹುಲ್ಲು, ಮೇಲೆ ದೊಡ್ಡ ಆಕಾಶ. ಆ ಹುಲ್ಲಿಗೆ ಫೆಬ್ರವರಿಯಲ್ಲಿ ಬೆಂಕಿ ಕೊಡುತ್ತಾರೆ, ಹುಳ ಸತ್ತು ಹೊಸ ಚಿಗುರು ಬರಲಿ ಅಂತ. ಇದನ್ನು ಕೇಳಿದ ಅಪ್ಪಯ್ಯ ನಮ್ಮೂರಿನ ಬ್ಯಾಣದ, ಅಂದರೆ ಹುಲ್ಲುಗಾವಲಿನ, ಹುಲ್ಲು ಸುಡುವ ಕಥೆ ಶುರು ಮಾಡಿದರು. ನಾನು ಇಂಗ್ಲಿಷಿನಲ್ಲಿ ಹೇಳಿದೆ, ಆಕೆ ಪುಸ್ತಕ ತೆಗೆದು ಬರೆದುಕೊಂಡರು. ಇಂಥದ್ದು ದೊಡ್ಡ ಬಸ್ಸಿನಲ್ಲಿ ಆಗುವುದಿಲ್ಲ.

ಗೈಡ್ ಇಲ್ಲದಿದ್ದರೆ ನಾನು ಸುಮ್ನೆ ದಾಟಿಕೊಂಡು ಹೋಗುತ್ತಿದ್ದ ಎರಡು ಸಂಗತಿ ಹೇಳುತ್ತೇನೆ. ಹುಲ್ಲಿನ ಆಚೆ ಮರಗಳ ಮೇಲೆ ಒಕಾಯಾಮಾ ಕೋಟೆಯ ಕಪ್ಪು ಗೋಪುರ ಕಾಣುತ್ತದೆ. ಅದು ತೋಟದಲ್ಲಿಲ್ಲ. ನಡುವೆ ಅಸಾಹಿ ನದಿ ಇದೆ. ಆದರೂ ತೋಟಕ್ಕೇ ಸೇರಿದ್ದು ಅನ್ನುವಂತೆ ಕಾಣುತ್ತದೆ. ಹೊರಗಿನ ನೋಟವನ್ನು ಒಳಕ್ಕೆ ಸಾಲ ತರುವ ಈ ಜಾಣ್ಮೆಗೆ ಶಕ್ಕೇಯ್ ಅನ್ನುತ್ತಾರೆ. ಆಕೆ ನಮ್ಮನ್ನು ಹತ್ತು ಹೆಜ್ಜೆ ಹಿಂದಕ್ಕೆ, ಹತ್ತು ಹೆಜ್ಜೆ ಮುಂದಕ್ಕೆ ನಡೆಸಿದರು. ಗೋಪುರ ಮರೆಯಾಯಿತು, ಮತ್ತೆ ಎದ್ದು ಬಂತು. ಅಮ್ಮ ಚಿಕ್ಕ ಮಗುವಿನಂತೆ ಮತ್ತೆ ಮತ್ತೆ ಹಿಂದೆ ಮುಂದೆ ಹೋದರು.

ಇನ್ನೊಂದು ರ್ಯುತೆನ್ ಅನ್ನುವ ಚಾವಡಿ. ಕಟ್ಟಡದ ನಡುವೆಯೇ ನೀರಿನ ಕಾಲುವೆ ಹರಿಯುತ್ತದೆ, ಅದರಲ್ಲಿ ಬಣ್ಣದ ಆರು ಕಲ್ಲು. ಎರಡೂ ಕಡೆ ಹಲಗೆಯ ನೆಲ. 1945ರ ಜೂನ್‌ನಲ್ಲಿ ಊರಿನ ಮೇಲೆ ಬಾಂಬು ಬಿದ್ದಾಗ ಕೋಟೆ ಸುಟ್ಟಿತು, ತೋಟದ ಮುಖ್ಯ ಮನೆ ಎನ್‌ಯೋತೇಯ್ ಕೂಡ ಸುಟ್ಟಿತು. ಈ ಚಾವಡಿ ಉಳಿಯಿತು. 1934ರ ನೆರೆಯಲ್ಲಿ ತೋಟ ಮುಳುಗಿತ್ತಂತೆ. ಎರಡೂ ಸಲ ಎದೋ ಕಾಲದ (1603-1868) ಚಿತ್ರಗಳನ್ನು ನೋಡಿಕೊಂಡು ಮೊದಲಿದ್ದ ಹಾಗೆಯೇ ಮಾಡಿದರು. ಅಂದರೆ ನಾವು ಕಾಣುವುದರಲ್ಲಿ ಎಷ್ಟೋ ಭಾಗ ಮತ್ತೆ ಕಟ್ಟಿದ್ದು. ನನಗೆ ಅದರಿಂದ ತೋಟದ ಮೇಲಿನ ಪ್ರೀತಿ ಹೆಚ್ಚಾಯಿತು.

ಮಂಡಿಗೆ ಒಂದು ಮಾತು. ದಾರಿಗಳು ಸಮತಟ್ಟು, ಆದರೆ ಸಣ್ಣ ಜಲ್ಲಿ ಹಾಕಿರುತ್ತಾರೆ. ಗಟ್ಟಿ ಅಡಿಯ ಶೂ ಹಾಕಿಸು, ಚಪ್ಪಲಿ ಬೇಡ. ನಡುವಿನ ಗುಡ್ಡ ಹತ್ತುವುದನ್ನು ಬಿಟ್ಟರೆ ಏರು ಇಲ್ಲ. ಕೋಟೆಯ ಒಳಗೆ ಹೋಗಬೇಡಿ. ಅದು 1966ರಲ್ಲಿ ಕಾಂಕ್ರೀಟಿನಲ್ಲಿ ಕಟ್ಟಿದ್ದು, ತೋಟದಿಂದ ನೋಡುವುದೇ ಚೆಂದ.

ಬೆಣ್ಣೆನಗರಿ ಹುಡುಗಿ

ಅಕ್ಕಾ, ಓದುತ್ತಾ ಕಣ್ಣು ತುಂಬಿ ಬಂತು. ಅಮ್ಮನಿಗೆ ಈ ತೋಟವೇ ಸರಿ. ಆದರೆ ಕುರಾಶಿಕಿಯಲ್ಲಿ ಅಪ್ಪನಿಗೆ ಏನಿದೆ? ಫೋಟೋಗಳಲ್ಲಿ ಕಾಲುವೆ, ವಿಲೋ ಮರ, ದೋಣಿ ಮಾತ್ರ ಕಾಣುತ್ತವೆ. ಊಟದ್ದೂ ಭಯ.

ತೀರ್ಥಹಳ್ಳಿ ಮಗಳು, ಕೋಬೆ

ನೀನು ಮಿಲ್ಲು ಅಂದ ತಕ್ಷಣವೇ ನಾನು ಕುರಾಶಿಕಿ ಅಂದುಕೊಂಡೆ. ಆ ಊರು ಎದ್ದಿದ್ದೇ ಹತ್ತಿಯಿಂದ!

ಅಲ್ಲಿನ ನೆಲ ಎಷ್ಟೋ ಭಾಗ ಸಮುದ್ರದಿಂದ ಗೆದ್ದುಕೊಂಡದ್ದು. ಉಪ್ಪಿನ ಮಣ್ಣಿನಲ್ಲಿ ಭತ್ತ ಬರಲಿಲ್ಲ, ಹತ್ತಿ ಬಂತು. ಸುತ್ತಲಿನ ಊರುಗಳ ಅಕ್ಕಿ, ಇಲ್ಲಿನ ಹತ್ತಿ ಸಾಗಿಸುವುದಕ್ಕೆ ಆ ಕಾಲುವೆ. ದಡದಲ್ಲಿರುವ ಬಿಳಿ ಗೋಡೆ, ಕಪ್ಪು ಹೆಂಚಿನ ಕಟ್ಟಡಗಳಲ್ಲಿ ಎಷ್ಟೋ ಆಗ ವ್ಯಾಪಾರಿಗಳ ಉಗ್ರಾಣಗಳಾಗಿದ್ದವು. ಕುರಾ ಅಂದರೇ ಉಗ್ರಾಣ. ಗೋಡೆಯ ಕೆಳಭಾಗದಲ್ಲಿ ಕಪ್ಪು ಬಿಲ್ಲೆ ಕೂರಿಸಿ, ಸಂದಿಗೆ ಬಿಳಿ ಗಾರೆಯನ್ನು ದಪ್ಪಗೆ ಮೆತ್ತಿರುತ್ತಾರೆ. ಮಳೆಗೂ ಬೆಂಕಿಗೂ ತಡೆ.

1888ರಲ್ಲಿ ಅಲ್ಲಿ ನೂಲಿನ ಕಂಪನಿ ಶುರುವಾಯಿತು. ಕೆಂಪು ಇಟ್ಟಿಗೆಯ ಆ ಹಳೆಯ ಮಿಲ್ಲು ಇಂದಿಗೂ ನಿಂತಿದೆ, ಕಾಲುವೆಯಿಂದ ಐದು ನಿಮಿಷದ ನಡಿಗೆ. 1974ರಿಂದ ಅದು ಹೋಟೆಲ್, ಹೆಸರು ಐವಿ ಸ್ಕ್ವೇರ್. ಗೋಡೆ ತುಂಬಾ ಬಳ್ಳಿ ಹಬ್ಬಿದೆ. ಚೆಂದಕ್ಕೆ ಅಂದುಕೊಂಡಿದ್ದೆ. ಬೇಸಿಗೆಯಲ್ಲಿ ಒಳಗಿನ ಸೆಕೆ ಕಡಿಮೆಯಾಗಲಿ ಅಂತ ಮಿಲ್ಲಿನವರೇ ಬೆಳೆಸಿದ್ದಂತೆ. ಮಾಡು ಗರಗಸದ ಹಲ್ಲಿನ ಹಾಗಿದೆ. ನಿಮ್ಮ ಅಪ್ಪ ದೂರದಿಂದಲೇ ಗುರುತು ಹಿಡಿಯುತ್ತಾರೆ ನೋಡು. ಹಳೆಯ ಹತ್ತಿ ಗೋದಾಮಿನಲ್ಲಿ ಕಂಪನಿಯ ಇತಿಹಾಸ ತೋರಿಸುವ ಸಂಗ್ರಹಾಲಯವಿದೆ. ಅಲ್ಲಿ ಒಂದು ಗಂಟೆ ಕೊಡು, ಅವಸರ ಮಾಡಬೇಡ. ನಿಮ್ಮ ಅಪ್ಪ ಹೇಳಲಿ, ಗೈಡ್ ಕೇಳಿಸಿಕೊಳ್ಳಲಿ.

ಆ ಮಿಲ್ಲಿನ ಒಡೆಯ ಓಹಾರಾ ಮಾಗೊಸಾಬುರೊ 1930ರಲ್ಲಿ ಕಾಲುವೆಯ ದಡದಲ್ಲಿ ಕಲಾ ಸಂಗ್ರಹಾಲಯ ಕಟ್ಟಿಸಿದ. ಅವನ ಗೆಳೆಯ, ಚಿತ್ರಕಾರ ಕೊಜಿಮಾ ತೊರಾಜಿರೊ ಯುರೋಪಿಗೆ ಹೋಗಿ ಎಲ್ ಗ್ರೆಕೋ, ಮೊನೆ ಅವರಂಥ ಹೆಸರಾಂತ ಚಿತ್ರಕಾರರ ಚಿತ್ರಗಳನ್ನು ಆರಿಸಿ ತಂದಿದ್ದ. ಗೆಳೆಯ 1929ರಲ್ಲಿ ತೀರಿಕೊಂಡ ಮೇಲೆ ಅವನ ನೆನಪಿಗೆ ಇದು. ನೂಲಿನ ದುಡ್ಡು ಒಂದು ಸಣ್ಣ ಊರಿಗೆ ಇಷ್ಟನ್ನು ತಂದುಕೊಟ್ಟಿದೆ. ಸೋಮವಾರ ಅದಕ್ಕೆ ರಜೆ, ಆ ದಿನ ಇಟ್ಟುಕೊಳ್ಳಬೇಡ.

ಹೊತ್ತಿನ ಲೆಕ್ಕ ಹೀಗೆ. ಶಿನ್-ಒಸಾಕಾ ಸ್ಟೇಷನ್‌ನಿಂದ ಒಕಾಯಾಮಾಕ್ಕೆ ಶಿಂಕಾನ್‌ಸೆನ್ ಬುಲೆಟ್ ರೈಲಿನಲ್ಲಿ ಮುಕ್ಕಾಲು ಗಂಟೆ ಚಿಲ್ಲರೆ. ತೋಟಕ್ಕೆ ಬೆಳಿಗ್ಗೆಯೇ ಹೋಗಿ, ಬಿಸಿಲು ಏರುವ ಮೊದಲು. ಅಲ್ಲಿಂದ ಸ್ಟೇಷನ್‌ಗೆ ಟ್ಯಾಕ್ಸಿ ಮಾಡು, ಮಂಡಿಯ ಸಲುವಾಗಿ. ಕುರಾಶಿಕಿಗೆ ಸಾಮಾನ್ಯ ರೈಲಿನಲ್ಲಿ ಹದಿನೇಳು ನಿಮಿಷ. ಸಂಜೆ ಐದರ ನಂತರ ಅಂಗಡಿಗಳು ಮುಚ್ಚತೊಡಗುತ್ತವೆ. ದೋಣಿ ಸಿಕ್ಕರೆ ಹತ್ತು, ಸಿಗದಿದ್ದರೆ ಬೇಸರ ಬೇಡ.

ಕಾವೇರಿ ತೀರ

ಊಟದ ಬಗ್ಗೆ ನಾನು ಹೇಳುತ್ತೇನೆ. ಪ್ರವಾಸದ ಜೊತೆ ಬರುವ ಊಟ ಬೇಡ ಅಂತ ಮೊದಲೇ ತಿಳಿಸಿ. ತರಕಾರಿ ಮಾತ್ರ ಅಂತ ಕೊಟ್ಟ ಊಟದಲ್ಲೂ ಮೀನಿನ ಸಾರು ಇರುತ್ತದೆ, ಅದಕ್ಕೆ ದಾಶಿ ಅನ್ನುತ್ತಾರೆ. ಉದೋನ್ ಅನ್ನುವ ದಪ್ಪ ಶಾವಿಗೆಯ ಸಾರಿನಲ್ಲಿ, ಅನ್ನ ತುಂಬಿದ ಇನಾರಿ ಸುಶಿಯ ತೋಫು ಚೀಲದಲ್ಲೂ ಇರಬಹುದು. ಕೊಡುವವರು ಮೋಸ ಮಾಡುವುದಲ್ಲ, ಅವರಿಗೆ ಅದು ಉಪ್ಪಿನಷ್ಟೇ ಸಹಜ. ಹಾಗಾಗಿ ಮಾಂಸ ಬೇಡ ಅಂದರೆ ಸಾಲದು, ದಾಶಿ ಕೂಡ ಬೇಡ ಅಂತ ಗೈಡ್‌ಗೆ ಬಿಡಿಸಿ ಹೇಳಿ.

ನಾವು ನಮ್ಮವರನ್ನು ಕರೆದುಕೊಂಡು ಹೋದಾಗ ಚಪಾತಿ, ಶೇಂಗಾ ಚಟ್ನಿಪುಡಿ ಕಟ್ಟಿಕೊಂಡಿದ್ದೆವು. ನೀವು ಖಡಕ್ ರೊಟ್ಟಿ ತರಿಸಿಕೊಳ್ಳಿ, ಕೆಡುವುದಿಲ್ಲ. ತಿನ್ನುವುದಕ್ಕೆ ಎಲ್ಲಿ ಕೂರಬಹುದು ಅಂತ ಗೈಡ್‌ನ್ನೇ ಕೇಳಿ.

ಒಕಾಯಾಮಾದಲ್ಲಿ ಕಿಬಿದಾಂಗೊ ಅನ್ನುವ ಮೆತ್ತಗಿನ ಸಿಹಿ ಉಂಡೆ ಸಿಗುತ್ತದೆ. ಕಿಬಿ ಅಂದರೆ ನಮ್ಮ ಬರಗು. ಈಗ ಅದರಲ್ಲಿ ಅಂಟು ಅಕ್ಕಿ ಹಿಟ್ಟೇ ಜಾಸ್ತಿ. ಪೀಚ್ ಹಣ್ಣಿನಿಂದ ಹುಟ್ಟಿದ ಮೊಮೊತಾರೊ ಎಂಬ ಹುಡುಗ ಇದೇ ಉಂಡೆ ಕೊಟ್ಟು ನಾಯಿ, ಕೋತಿ, ಫೆಸೆಂಟ್ ಹಕ್ಕಿಯನ್ನು ಗೆಳೆಯರನ್ನಾಗಿ ಮಾಡಿಕೊಂಡ ಕಥೆ ಇದೆ. ಸ್ಟೇಷನ್ ಮುಂದೆ ಅವನ ಪ್ರತಿಮೆಯೂ ಇದೆ. ಡಬ್ಬಿಯ ಮೇಲಿನ ಪಟ್ಟಿ ಓದಿಸಿಕೊಂಡು ಅಮ್ಮನಿಗೆ ಕೊಡಿಸಿ.

ಬೆಣ್ಣೆನಗರಿ ಹುಡುಗಿ

ಎಲ್ಲರಿಗೂ ತುಂಬಾ ಥ್ಯಾಂಕ್ಸ್. ಒಕಾಯಾಮಾ ಅಂತ ತೀರ್ಮಾನ ಮಾಡಿದೆ, ಬುಧವಾರ. ಶಿರಕಾವಾ-ಗೋ ಮುಂದಿನ ಸಲಕ್ಕೆ, ಕನಾಜಾವಾದಲ್ಲಿ ಉಳಿದುಕೊಂಡೇ ನೋಡುತ್ತೇವೆ. ಒಬ್ಬ ಗೈಡ್‌ಗೆ ಮೇಲ್ ಬರೆದಿದ್ದೇನೆ. ಅಮ್ಮನ ಮಂಡಿ, ಅಪ್ಪನ ಮಿಲ್ಲು, ದಾಶಿ ಎಲ್ಲ ಹೇಳಿದ್ದೇನೆ.

ನಿನ್ನೆ ರಾತ್ರಿ ಫೋನಿನಲ್ಲಿ ಅಪ್ಪನಿಗೆ ಐವಿ ಸ್ಕ್ವೇರ್ ಫೋಟೋ ಕಳಿಸಿ, ಇದು ಏನು ಹೇಳಿ ಅಂದೆ. ಬಹಳ ಹೊತ್ತು ಸುಮ್ಮನಿದ್ದರು. ಆಮೇಲೆ "ಮಾಡು ನೋಡು, ಸ್ಪಿನ್ನಿಂಗ್ ಮಿಲ್ಲು ಅದು" ಅಂದರು. ನೂಲು ಸುತ್ತುವ ಸ್ಪಿಂಡಲ್ ಎಷ್ಟಿದ್ದವು, ಯಾವ ಕೌಂಟಿನ, ಅಂದರೆ ಎಷ್ಟು ಸಣ್ಣದಾದ ನೂಲು ತೆಗೆಯುತ್ತಿದ್ದರು, ರಾತ್ರಿ ಪಾಳಿ ಇತ್ತಾ ಅಂತ ಒಂದರ ಹಿಂದೆ ಒಂದು ಕೇಳಿದರು. ಮೂರನ್ನೂ ಬರೆದು ಗೈಡ್‌ಗೆ ಕಳಿಸಿದ್ದೇನೆ.