ಜ್ವರವಿದ್ದಾಗ ಪ್ರಾಯೋಗಿಕ ಚಿತ್ರೋತ್ಸವಕ್ಕೆ ಹೋಗಬಹುದೇ? – ಅನುಭವ ಹಂಚಿಕೆ

ಪ್ರಶ್ನೆ (ಧಾರವಾಡ): ಬೆಂಗಳೂರಿನ ಎಕ್ಸ್‌ಪೆರಿಮೆಂಟಾ ಎಂಬ ಪ್ರಯೋಗಶೀಲ ಚಿತ್ರಗಳ ಉತ್ಸವಕ್ಕೆ ರೈಲು ಟಿಕೆಟ್ ಮಾಡಿಸಿದ್ದೇನೆ. ಮೂರು ದಿನಗಳಿಂದ ಜ್ವರ, ಒಣಕೆಮ್ಮು. ಇಂಥ ಸ್ಥಿತಿಯಲ್ಲಿ ಹೋದವರು ಅನುಭವ ತಿಳಿಸಿ.

ಮೈಸೂರು: ನಾನು ಹೋಗಿದ್ದೆ, ಹೋದದ್ದು ಸರಿಯೆಂದೇ ಇಂದಿಗೂ ನಂಬಿದ್ದೇನೆ. ಬೆಳಗಿನ ಬಸ್ಸು ಹತ್ತಿದಾಗ 101 ಡಿಗ್ರಿ ಜ್ವರವಿತ್ತು. ಆಟೋಗೆ ₹340, ಮಾತ್ರೆಗೆ ₹185, ಎರಡು ರಾತ್ರಿಯ ಕೋಣೆಗೆ ₹2,600, ಮರಳಿದ ಮೇಲೆ ರಕ್ತಪರೀಕ್ಷೆಗೆ ₹850 ಆಯಿತು. ಆದರೆ 16 ಎಂ.ಎಂ. ಪ್ರೊಜೆಕ್ಟರ್ ನನ್ನ ಕುರ್ಚಿಯಿಂದ ಮೂರೇ ಅಡಿ ದೂರದಲ್ಲಿತ್ತು. ಪ್ರತಿ ರೀಲಿಗೂ ಮುಂಚೆ ಆಪರೇಟರ್ ಪುಟ್ಟ ಕುಂಚದಿಂದ ಧೂಳು ತೆಗೆದು, ಫಿಲಂನ ತೂತುಗಳನ್ನು ಹಲ್ಲುಚಕ್ರಕ್ಕೆ ಕೂರಿಸುತ್ತಿದ್ದುದನ್ನು ನೋಡುವ ಭಾಗ್ಯ, ಮನೆಯಲ್ಲಿ ಲಿಂಕ್ ತೆರೆದು ನೋಡುವವರಿಗೆ ದಕ್ಕುವುದಿಲ್ಲ. 2003ರಲ್ಲಿ ಶೈ ಹೆರೇಡಿಯಾ ಅವರು ಆರಂಭಿಸಿದ ಈ ಉತ್ಸವ ವರ್ಷವರ್ಷವೂ ಬರುವುದಿಲ್ಲ.

ಹುಬ್ಬಳ್ಳಿ: ನನಗಿರುವುದು ಮೈಗ್ರೇನ್. ಬೇರೊಂದು ಉತ್ಸವದಲ್ಲಿ, ಕಪ್ಪು ಬಿಳಿ ಚೌಕಟ್ಟುಗಳು ಪಟಪಟನೆ ಮಿನುಗುವ ಚಿತ್ರವೊಂದು ಶುರುವಾದ ಏಳನೆಯ ನಿಮಿಷಕ್ಕೆ ಎಡಗಣ್ಣಿನ ಅಂಚಿನಲ್ಲಿ ಅಂಕುಡೊಂಕಾದ ಬೆಳಕಿನ ಗೆರೆ ಕಾಣಿಸಿಕೊಂಡಿತು; ಹತ್ತು ಜನರ ಮೊಣಕಾಲು ದಾಟಿ ಹೊರಬರುವಷ್ಟರಲ್ಲಿ ವಾಂತಿಯಾಯಿತು. ಹೀಗೆಯೇ ಮಿನುಗುವ, ಅಮೆರಿಕದ ಟೋನಿ ಕಾನ್ರಾಡ್ ಅವರ 1966ರ ‘ದ ಫ್ಲಿಕರ್’ ಚಿತ್ರದ ಮೊದಲಲ್ಲೇ ಅಪಸ್ಮಾರದ ಎಚ್ಚರಿಕೆಯಿದೆ. ನಮಗೆ ಅಂದು ಅಂಥ ಒಂದು ಸಾಲೂ ಸಿಗಲಿಲ್ಲ. ಪಾಸಿಗೆ ₹1,200, ವೈದ್ಯರಿಗೆ ₹700 ಕೊಟ್ಟು ನಾನು ನೋಡಿದ್ದು ಒಂದೂವರೆ ಪ್ರದರ್ಶನ. ಈಗ ಮನೆಯಲ್ಲೇ ಪರದೆಯ ಬೆಳಕು ತಗ್ಗಿಸಿ ನೋಡುತ್ತೇನೆ. ಅದನ್ನು ಕೀಳಾಗಿ ಕಾಣಬೇಡಿ.

ಮೈಸೂರು: ಬೆಳಕು ತಗ್ಗಿಸಿದ ಮೇಲೆ ಅದು ನಿರ್ದೇಶಕರು ಮಾಡಿದ ಚಿತ್ರವಾಗಿ ಉಳಿಯುವುದಿಲ್ಲ. ನಿಮಗಾದ ನೋವು ಬೇರೆ, ಈ ಮಾತು ಬೇರೆ.

ಹುಬ್ಬಳ್ಳಿ: ವಾಂತಿ ಮಾಡಿಕೊಂಡು ಕಾರಿಡಾರಿನಲ್ಲಿ ಕುಳಿತಿದ್ದಾಗ ನಾನು ಯಾವ ಚಿತ್ರ ನೋಡುತ್ತಿದ್ದೆ, ಹೇಳಿ?

ಬೆಂಗಳೂರು: ಮೈಸೂರಿನವರನ್ನು ಓದಿ ನನಗೆ ಸಿಟ್ಟು ತಡೆಯಲಾಗಲಿಲ್ಲ. ಕಿಟಕಿಗಳಿಗೆಲ್ಲ ಕಪ್ಪು ಬಟ್ಟೆ ಬಿಗಿದು ಚಿತ್ರ ತೋರಿಸುತ್ತಿದ್ದ ಕೋಣೆಯೊಂದರಲ್ಲಿ, 71 ವರ್ಷದ ನನ್ನ ತಾಯಿಯ ಬೆನ್ನ ಹಿಂದೆಯೇ ಒಬ್ಬರು ಮೂರು ಗಂಟೆ ಕೆಮ್ಮುತ್ತಾ ಕುಳಿತಿದ್ದರು. ನಾಲ್ಕನೆಯ ದಿನ ಅಮ್ಮನಿಗೆ ಜ್ವರ ಬಂತು, ಆಮೇಲೆ ನ್ಯುಮೋನಿಯಾ ಆಯಿತು. ಐದು ದಿನದ ಆಸ್ಪತ್ರೆ ಬಿಲ್ಲು ₹48,700. ವಿಮೆಯಿಂದ ಬಂದದ್ದು ₹31,000. ನಿಮ್ಮ ಜ್ವರ ನಿಮ್ಮ ಕುರ್ಚಿಯಲ್ಲೇ ಉಳಿದಿತ್ತೆಂದು ಹೇಗೆ ಹೇಳುತ್ತೀರಿ ಸ್ವಾಮಿ?

ಮೈಸೂರು: ನಿಮ್ಮ ತಾಯಿಯವರ ವಿಷಯ ಓದಿ ಸಂಕಟವಾಯಿತು. ಆದರೆ ನಾನು ಮಾಸ್ಕ್ ಹಾಕಿಕೊಂಡಿದ್ದೆ.

ಬೆಂಗಳೂರು: ಅವರೂ ಹಾಕಿಕೊಂಡೇ ಬಂದಿದ್ದರು. ನೀರು ಕುಡಿಯಲೆಂದು ಗಲ್ಲಕ್ಕಿಳಿಸಿದವರು ಮತ್ತೆ ಮೇಲೇರಿಸಲಿಲ್ಲ.